ನೊಣವಿನಕೆರೆಯ ಗುಲಾಬಿ

ನನ್ನ ನೌಕರಿಯ ಮೂವತ್ತು ವರ್ಷಗಳು ನಾಲ್ಕು ತಾಲ್ಲೂಕುಗಳಲ್ಲಿ ಕಳೆದಿವೆ. ಆರಂಭ ಪಾವಗಡದಲ್ಲಿ, ಆಮೇಲೆ ಶಿರಾ, ನಂತರ ತವರೂರಾದ ಕೊರಟಗೆರೆ, ಈಗ ಮಧುಗಿರಿ. ಈ ನಾಲ್ಕೂ ತಾಲ್ಲೂಕುಗಳನ್ನು ಸೇರಿಸಿ ಇಲಾಖೆಯವರು ಮಧುಗಿರಿ ಶೈಕ್ಷಣಿಕ ಜಿಲ್ಲೆ ಎಂದು ಹೆಸರಿಟ್ಟಿದ್ದಾರೆ. ವರ್ಗವಾದಾಗಲೆಲ್ಲ ಟ್ರಂಕು, ಚಾಪೆ, ಸ್ಟೌವು ಕಟ್ಟಿಕೊಂಡು ಬಸ್ಸು ಹತ್ತಿದ್ದೇನೆ. ಮಳೆ ಕಡಿಮೆ, ಕಳ್ಳೇಕಾಯಿ ಹೆಚ್ಚು, ಬೇಸಿಗೆ ಬಂತೆಂದರೆ ಬೋರ್‌ವೆಲ್ಲಿನ ಮುಂದೆ ಕೊಡಗಳ ಸಾಲು. ಊರು ಬದಲಾದರೂ ಈ ಮೂರು ನನ್ನ ಜೊತೆಗೇ ಬಂದವು.

ಇಷ್ಟು ವರ್ಷಗಳಲ್ಲಿ ನಾನು ಎಷ್ಟೋ ಮಕ್ಕಳಿಗೆ ಬೈದಿದ್ದೇನೆ. ಹೆಚ್ಚಿನವು ಮರೆತುಹೋಗಿವೆ. ಒಂದು ಬೈಗುಳ ಮಾತ್ರ ಮರೆತಿಲ್ಲ. ಅದರಲ್ಲಿ ಒಬ್ಬ ನಟಿಯ ಹೆಸರಿತ್ತು. ಆ ಹೆಸರನ್ನು ಬೈಗುಳವಾಗಿ ಬಳಸಿದವಳು ನಾನು. ಅದೇ ಹೆಸರಿನ ಮುಂದೆ ತಲೆ ತಗ್ಗಿಸಬೇಕಾಗಿ ಬಂದವಳೂ ನಾನೇ. ಆ ಕತೆಯನ್ನು ಹೇಳಬೇಕಾದರೆ ಆ ನಟಿಯ ಚರಿತ್ರೆಯನ್ನೂ ಹೇಳಬೇಕು.

ಅದು 1996ರ ಜನವರಿ. ಶಿರಾ ತಾಲ್ಲೂಕಿನ ಒಂದು ಹಳ್ಳಿಯ ಹೈಸ್ಕೂಲಿನಲ್ಲಿ ವಾರ್ಷಿಕೋತ್ಸವ. ನನಗಾಗ ಇಪ್ಪತ್ತಾರು ದಾಟಿರಲಿಲ್ಲ. ಸಾಂಸ್ಕೃತಿಕ ಕಾರ್ಯಕ್ರಮದ ಜವಾಬ್ದಾರಿಯನ್ನು ಹೆಣ್ಣುಮೇಷ್ಟರೆಂದು ನನ್ನ ತಲೆಗೇ ಕಟ್ಟಿದ್ದರು. ಒಂಬತ್ತನೆಯ ತರಗತಿಯ ಒಬ್ಬ ಹುಡುಗಿ ಏಕಪಾತ್ರಾಭಿನಯ ಮಾಡುತ್ತೇನೆಂದು ಹೆಸರು ಕೊಟ್ಟಿದ್ದಳು. ಕಪ್ಪು ಬಣ್ಣದ, ಗಟ್ಟಿ ಗಂಟಲಿನ ಹುಡುಗಿ. ಅಜ್ಜಿಯ ಸೀರೆಯನ್ನು ಮೊಳಕಾಲಿನವರೆಗೆ ಎತ್ತಿ ಕಟ್ಟಿ, ಎಲೆಅಡಿಕೆ ಹಾಕಿಕೊಂಡಂತೆ ಕೆನ್ನೆ ಉಬ್ಬಿಸಿ, ಬೋರ್‌ವೆಲ್ಲಿನ ಸಾಲಿನಲ್ಲಿ ತನ್ನ ಜಾಗ ಕಳೆದುಕೊಂಡ ಮುದುಕಿಯಾಗಿ ಬಂದಳು. ಸಾಲಿನಲ್ಲಿದ್ದ ಒಬ್ಬೊಬ್ಬರಿಗೂ ಒಂದೊಂದು ಮಾತು ಬಿಟ್ಟಳು. ಪಂಚಾಯ್ತಿಯವರನ್ನೂ ಬಿಡಲಿಲ್ಲ. ಆ ಮುಂಚಿನ ವರ್ಷವಷ್ಟೇ ‘ಪುಟ್ನಂಜ’ ಬಂದಿತ್ತು. ಅದರ ಅಜ್ಜಿಯ ನಡಿಗೆ, ಕತ್ತು ಕೊಂಕಿಸುವ ರೀತಿ ಎಲ್ಲವೂ ಇವಳ ಮೈಮೇಲೆ ಬಂದಿದ್ದವು. ಊರಿಗೆ ಊರೇ ಬಿದ್ದುಬಿದ್ದು ನಕ್ಕಿತು. ಹಿಂದಿನ ಸಾಲಿನಿಂದ ಸಿಳ್ಳೆಗಳು ಬಂದವು.

ವೇದಿಕೆಯ ಮೇಲಿದ್ದ ಅತಿಥಿಯೊಬ್ಬರು ನನ್ನತ್ತ ಬಗ್ಗಿ, ‘ನಿಮ್ಮ ಸ್ಕೂಲಲ್ಲೂ ಒಬ್ಬಳು ಉಮಾಶ್ರೀ ತಯಾರಾಗ್ತಾವ್ಳೆ ಬಿಡ್ರಮ್ಮ’ ಅಂದರು. ಹೇಳಿದ ರೀತಿ ಚೆನ್ನಾಗಿರಲಿಲ್ಲ. ನನ್ನ ಮುಖಕ್ಕೆ ರಕ್ತ ನುಗ್ಗಿತು. ಅವರಿಗೆ ಏನೂ ಹೇಳುವ ಧೈರ್ಯ ನನಗಿರಲಿಲ್ಲ. ಧೈರ್ಯವಿದ್ದದ್ದು ಹದಿನಾಲ್ಕು ವರ್ಷದ ಹುಡುಗಿಯ ಮೇಲೆ. ಪರದೆಯ ಹಿಂದೆ ಅವಳು ಬೆವರೊರೆಸಿಕೊಳ್ಳುತ್ತಾ ಹೊಗಳಿಕೆಗಾಗಿ ಕಾದು ನಿಂತಿದ್ದಳು. ‘ಏನೇ ಇದು ನಿನ್ನ ಅವತಾರ? ಉಮಾಶ್ರೀ ಆಗಬೇಕು ಅಂತಿದೀಯಾ?’ ಎಂದೆ. ಅವಳ ಮುಖ ಸಣ್ಣದಾಯಿತು. ಅಷ್ಟಕ್ಕೇ ಬಿಡಲಿಲ್ಲ. ಮರುದಿನ ಅವಳ ತಾಯಿಯನ್ನು ಕರೆಸಿದೆ. ಆ ತಾಯಿ ಸಾಹುಕಾರರ ಮಂಡಿಯಲ್ಲಿ ಕಾಯಿ ಬಿಡಿಸುವ ಕೂಲಿಗೆ ಹೋಗುತ್ತಿದ್ದವರು. ಅರ್ಧ ದಿನದ ಕೂಲಿ ಬಿಟ್ಟು ಬಂದಿದ್ದರು. ‘ಬುದ್ಧಿ ಹೇಳ್ತೀನಿ ಮೇಡಮ್ನೋರೆ’ ಎಂದು ಕೈಮುಗಿದು ಹೋದರು. ಮುಂದಿನ ವರ್ಷದ ವಾರ್ಷಿಕೋತ್ಸವದಲ್ಲಿ ಆ ಹುಡುಗಿ ಹೆಸರು ಕೊಡಲಿಲ್ಲ. ನಾನೂ ಕೇಳಲಿಲ್ಲ.

ಕೇಳಿದವರು ಒಬ್ಬರೇ, ನಮ್ಮ ಕನ್ನಡ ಪಂಡಿತರು. ನಿವೃತ್ತಿಗೆ ಎರಡು ವರ್ಷವಿದ್ದ ಹಿರಿಯರು. ಸ್ಟಾಫ್ ರೂಮಿನಲ್ಲಿ ನಾನೇ ಹೆಮ್ಮೆಯಿಂದ ಈ ವಿಷಯ ಹೇಳಿದಾಗ ಕನ್ನಡಕ ತೆಗೆದು ಒರೆಸಿಕೊಳ್ಳುತ್ತಾ, ‘ನೀವು ಸಾಕವ್ವನ್ನ ನೋಡಿಲ್ಲ ಕಣಮ್ಮ, ಅದಕ್ಕೇ ಹಂಗಂದ್ರಿ’ ಎಂದರು. ಸಾಕವ್ವ ಯಾರೆಂದು ಕೇಳಲು ನನಗೆ ನಾಚಿಕೆ. ಬಿ.ಎ., ಬಿ.ಎಡ್. ಮಾಡಿದವಳು ಗೊತ್ತಿಲ್ಲ ಅನ್ನುವುದು ಹೇಗೆ? ಸುಮ್ಮನೆ ತಲೆಯಾಡಿಸಿದೆ.

ಆಮೇಲೆ ಹುಡುಕಿ ಓದಿದೆ. ದೇವನೂರ ಮಹಾದೇವರ ‘ಒಡಲಾಳ’ದ ಮುದುಕಿ ಸಾಕವ್ವ. ಕಳೆದುಹೋದ ತನ್ನ ಹುಂಜವನ್ನು ಹುಡುಕುತ್ತಾ ಕೇರಿಯೆಲ್ಲ ಶಪಿಸುತ್ತಾ ಓಡಾಡುವವಳು. ಹಸಿದ ಆ ಮನೆಗೆ ರಾತ್ರಿ ಸಾಹುಕಾರನ ಕಳ್ಳೇಕಾಯಿ ಕದ್ದು ಬರುತ್ತದೆ. ಬೆಳಗಾಗುವುದರೊಳಗೆ ಮನೆಮಂದಿಯೆಲ್ಲ ಒಲೆಯ ಸುತ್ತ ಕೂತು ತಿಂದು ಮುಗಿಸುತ್ತಾರೆ. ಬೆಳಗ್ಗೆ ಪೊಲೀಸರು ಬರುತ್ತಾರೆ. ಈ ಕತೆಯನ್ನು ಓದುವಾಗ ನನಗೆ ಕಂಡದ್ದು ಮಂಡಿಯ ಮುಂದೆ ಗೋಣಿತಾಟಿನ ಮೇಲೆ ಕೂತು ಕಾಯಿ ಬಿಡಿಸುವ ನಮ್ಮ ಕಡೆಯ ಹೆಂಗಸರು. ಸಿ.ಜಿ. ಕೃಷ್ಣಸ್ವಾಮಿಯವರು ಇದನ್ನು ನಾಟಕವಾಗಿ ರಂಗಕ್ಕೆ ತಂದಾಗ ಸಾಕವ್ವನಾಗಿ ನಿಂತವರು ಉಮಾಶ್ರೀ. ನೋಡಿದವರು ಇಂದಿಗೂ ಆ ಪಾತ್ರವನ್ನು ನೆನೆಯುತ್ತಾರೆ. ನಾನು ಬೈಗುಳವಾಗಿ ಬಳಸಿದ ಹೆಸರು ಕನ್ನಡ ರಂಗಭೂಮಿಯ ಅಷ್ಟು ದೊಡ್ಡ ಹೆಸರಾಗಿತ್ತು.

ಇನ್ನೂ ಒಂದು ವಿಷಯ ತಿಳಿದು ನಾಚಿಕೆ ಇಮ್ಮಡಿಯಾಯಿತು. ಉಮಾಶ್ರೀ ನಮ್ಮ ಜಿಲ್ಲೆಯವರೇ. 1957ರಲ್ಲಿ ತಿಪಟೂರು ತಾಲ್ಲೂಕಿನ ನೊಣವಿನಕೆರೆಯಲ್ಲಿ ಹುಟ್ಟಿದವರು. ಅವರದು ತೆಂಗಿನ ಸೀಮೆ, ನಮ್ಮದು ಕಳ್ಳೇಕಾಯಿ ಸೀಮೆ. ನಡುವೆ ಒಂದು ಹಗಲಿನ ಬಸ್ ಪ್ರಯಾಣವೂ ಇಲ್ಲ. ಹಾಗಿದ್ದೂ ಅವರು ಎಲ್ಲಿಯವರೆಂದು ನಾನು ಎಂದೂ ಕೇಳಿರಲಿಲ್ಲ. ಹಾಸ್ಯದ ಹೆಂಗಸಿಗೆ ಊರು ಇರುತ್ತದೆಯೇ ಎಂಬಂತೆ.

ನಾಟಕದ ಹೆಣ್ಣೆಂದರೆ ಮೂಗು ಮುರಿಯುವ ಈ ಬುದ್ಧಿ ನನಗೊಬ್ಬಳಿಗೇ ಬಂದದ್ದಲ್ಲ. ನಮ್ಮ ಜಿಲ್ಲೆಯ ಮಟ್ಟಿಗಂತೂ ಇದು ವಿಚಿತ್ರವೇ. ಕನ್ನಡ ವೃತ್ತಿರಂಗಭೂಮಿಯ ದೊಡ್ಡಮನೆಯೇ ಇಲ್ಲಿತ್ತು. 1884ರಲ್ಲಿ ಗುಬ್ಬಿಯಲ್ಲಿ ಶ್ರೀ ಚನ್ನಬಸವೇಶ್ವರ ನಾಟಕ ಕಂಪನಿ ಹುಟ್ಟಿತು. ಹೆಣ್ಣಿನ ಪಾತ್ರಗಳನ್ನು ಗಂಡಸರೇ ಮಾಡುತ್ತಿದ್ದ ಕಾಲವದು. ಮುಂದೆ ಗುಬ್ಬಿ ವೀರಣ್ಣನವರು ಹೆಂಗಸರನ್ನು ರಂಗಕ್ಕೆ ತಂದು ನಿಲ್ಲಿಸಿದರು. ಅವರ ಪತ್ನಿ ಬಿ. ಜಯಮ್ಮ ಆ ಕಂಪನಿಯ ರಾಣಿಯಂತೆ ಮೆರೆದರು. 1946ರ ‘ಹೇಮರೆಡ್ಡಿ ಮಲ್ಲಮ್ಮ’ ಚಿತ್ರದಲ್ಲಿ ಅವರು ಮಲ್ಲಮ್ಮನಾದಾಗ ಹಳ್ಳಿಹಳ್ಳಿಯ ಹೆಂಗಸರು ನೋಡಿ ಕಣ್ಣೀರಿಟ್ಟರು. ವೀರಣ್ಣನವರ ಮೊಮ್ಮಗಳು ಬಿ. ಜಯಶ್ರೀ ದೆಹಲಿಯ ರಾಷ್ಟ್ರೀಯ ನಾಟಕ ಶಾಲೆಯಲ್ಲಿ ಕಲಿತು ಬಂದು, 1976ರಲ್ಲಿ ಸ್ಪಂದನ ತಂಡ ಕಟ್ಟಿದರು. 2010ರಲ್ಲಿ ರಾಜ್ಯಸಭೆಗೆ ನಾಮಕರಣಗೊಂಡರು. 2013ರಲ್ಲಿ ಪದ್ಮಶ್ರೀ ಪಡೆದರು. ಇಷ್ಟೆಲ್ಲ ಇದ್ದರೂ, ನಮ್ಮ ಊರುಗಳಲ್ಲಿ ಹುಡುಗಿಯೊಬ್ಬಳು ನಾಟಕಕ್ಕೆ ಸೇರುತ್ತೇನೆ ಅಂದರೆ ಮನೆಯವರು ಮೊದಲು ಬಾಗಿಲು ಹಾಕಿಕೊಳ್ಳುತ್ತಿದ್ದರು. ರಂಗದ ಮೇಲಿದ್ದಾಗ ದೇವಿ, ರಂಗದಿಂದ ಇಳಿದರೆ ‘ನಾಟಕದೋಳು’.

ಉಮಾಶ್ರೀಯವರು ರಂಗ ಹತ್ತಿದ್ದು ಯಾವ ಕಂಪನಿಯ ಮೊಮ್ಮಗಳಾಗಿಯೂ ಅಲ್ಲ. ಒಂಟಿಯಾಗಿ ಇಬ್ಬರು ಮಕ್ಕಳನ್ನು ಸಾಕಿದ ತಾಯಿ ಅವರು. ಆ ಕಷ್ಟದ ದಿನಗಳನ್ನು ಮರೆಮಾಚದೆ ಹೇಳಿಕೊಂಡಿದ್ದಾರೆ. ನಾಟಕ ಅವರಿಗೆ ಕಲೆಯೂ ಹೌದು, ಹೊಟ್ಟೆಪಾಡೂ ಹೌದು. ನಾವು ಸಂಬಳಕ್ಕೆ ಪಾಠ ಹೇಳಿದರೆ ಅದು ಸೇವೆ, ಅವರು ಸಂಭಾವನೆಗೆ ಬಣ್ಣ ಹಚ್ಚಿದರೆ ಅದೇನೋ ಬೇರೆ ಎಂದು ನಾವು ತಿಳಿದದ್ದು ಯಾವ ನ್ಯಾಯ ಹೇಳಿ?

1984ರಲ್ಲಿ ಕಾಶೀನಾಥರ ‘ಅನುಭವ’ ಬಂತು. ಅದರಲ್ಲಿನ ದಿಟ್ಟ ಹೆಣ್ಣಿನ ಪಾತ್ರದಿಂದ ಉಮಾಶ್ರೀ ಮನೆಮಾತಾದರು. ಮನೆಮಾತು ಅಂದೆನಲ್ಲ, ಆ ಮಾತು ಮನೆಯೊಳಗೆ ಗಟ್ಟಿಯಾಗಿ ಆಡುವಂಥದ್ದಾಗಿರಲಿಲ್ಲ. ಅಲ್ಲಿಂದ ಮುಂದೆ ವ್ಯಾಪಾರಿ ಸಿನಿಮಾ ಅವರಿಗೆ ಒಂದು ಜಾಗ ಗೊತ್ತುಮಾಡಿಬಿಟ್ಟಿತು. ಆಗಿನ ಸಿನಿಮಾದಲ್ಲಿ ಹೆಂಗಸರಿಗೆ ಮೂರೋ ನಾಲ್ಕೋ ಮಣೆ. ಬೆಳ್ಳಗೆ ತೆಳ್ಳಗೆ ಇದ್ದರೆ ನಾಯಕಿ, ವಯಸ್ಸಾದರೆ ಕಣ್ಣೀರಿನ ತಾಯಿ, ಕಣ್ಣು ಕೆಂಪಗೆ ಮಾಡಿದರೆ ಕೆಟ್ಟ ಅತ್ತೆ. ಇದಾವುದೂ ಅಲ್ಲದವಳು, ಬಾಯಿ ಜೋರಿದ್ದವಳು, ಹಾಸ್ಯನಟನ ಜೋಡಿ. ಅವಳು ಬಂದರೆ ದ್ವಂದ್ವಾರ್ಥದ ಮಾತು ಬರಬೇಕು, ಅವಳ ಮೈಯನ್ನು ನೋಡಿ ಜನ ನಗಬೇಕು. ನೂರಾರು ಚಿತ್ರಗಳಲ್ಲಿ ಉಮಾಶ್ರೀ ಹೀಗೆ ದುಡಿದರು. ‘ಪುಟ್ನಂಜ’ದಲ್ಲಿ ರವಿಚಂದ್ರನ್ ಅವರ ಅಜ್ಜಿಯಾದಾಗ ಅವರಿಗೆ ಇನ್ನೂ ನಲವತ್ತು ತುಂಬಿರಲಿಲ್ಲ. ಆ ವಯಸ್ಸಿನಲ್ಲಿ ನಾವು ಕನ್ನಡಿಯ ಮುಂದೆ ನಿಂತು ಬಿಳಿಕೂದಲು ಬಚ್ಚಿಡುತ್ತೇವೆ.

ನಾವೂ ನೋಡಿದೆವು, ನಕ್ಕೆವು. ಟೆಂಟಿನಲ್ಲಿ ಹೆಂಗಸರ ಕಡೆ ಕೂತು, ಬಾಯಿಗೆ ಸೆರಗು ಒತ್ತಿಕೊಂಡು ನಕ್ಕೆವು. ಹೊರಗೆ ಬಂದ ಮೇಲೆ ‘ಥೂ, ಎಂಥ ಹೆಂಗಸಪ್ಪ’ ಅಂದೆವು. ಮಾತು ಬರೆದವರು ಗಂಡಸರು, ಹೇಳಿಸಿದವರು ಗಂಡಸರು, ಕಾಸು ಎಣಿಸಿಕೊಂಡವರು ಗಂಡಸರು. ಥೂ ಅನ್ನಿಸಿಕೊಂಡವರು ಮಾತ್ರ ಆ ಹೆಣ್ಣುಮಗಳು.

ಇದೇ ಹೊತ್ತಿಗೆ ಕನ್ನಡದಲ್ಲಿ ಇನ್ನೊಂದು ಬಗೆಯ ಸಿನಿಮಾ ಇತ್ತು. ನಮ್ಮ ಊರಿನ ಟಾಕೀಸುಗಳಿಗೆ ಅದು ಬಂದದ್ದು ಅಪರೂಪ. ಹೊಸ ಅಲೆ, ಕಲಾತ್ಮಕ ಚಿತ್ರ, ಪ್ರಶಸ್ತಿ ಚಿತ್ರ ಎಂದೆಲ್ಲ ಹೆಸರು. ಕಡಿಮೆ ಹಣ, ಸ್ಟುಡಿಯೋ ಬದಲು ನಿಜವಾದ ಊರು, ಕುಣಿತವಿಲ್ಲ, ಹೊಡೆದಾಟವಿಲ್ಲ. ಹಂಚಿಕೆದಾರರು ಮುಟ್ಟುವುದಿಲ್ಲ. ಸರ್ಕಾರದ ಸಹಾಯಧನ, ಚಿತ್ರೋತ್ಸವಗಳು, ಫಿಲ್ಮ್ ಸೊಸೈಟಿಗಳು ಇವುಗಳನ್ನು ನಂಬಿಯೇ ಅದು ಬದುಕಿದ್ದು. 1970ರ ‘ಸಂಸ್ಕಾರ’ದಿಂದ ಇದರ ಲೆಕ್ಕ ಹಿಡಿಯುತ್ತಾರೆ. ಅನಂತಮೂರ್ತಿಯವರ ಕಾದಂಬರಿ, ಪಟ್ಟಾಭಿರಾಮ ರೆಡ್ಡಿಯವರ ನಿರ್ದೇಶನ. ಮದರಾಸಿನ ಸೆನ್ಸಾರ್ ಮಂಡಳಿ ಮೊದಲು ತಡೆಹಿಡಿದರೂ, ಕೊನೆಗೆ ಅದೇ ಚಿತ್ರ ಆ ವರ್ಷದ ದೇಶದ ಅತ್ಯುತ್ತಮ ಚಿತ್ರವೆನಿಸಿತು. ಅದರಲ್ಲಿ ಚಂದ್ರಿಯಾದವರು ನಿರ್ದೇಶಕರ ಪತ್ನಿ ಸ್ನೇಹಲತಾ ರೆಡ್ಡಿ. ಈ ತಾಯಿಯ ಕತೆ ಕೇಳಿದರೆ ಕರುಳು ಕಿತ್ತುಬರುತ್ತದೆ. ತುರ್ತುಪರಿಸ್ಥಿತಿಯ ಕಾಲದಲ್ಲಿ, 1976ರಲ್ಲಿ ಅವರನ್ನು ಬಂಧಿಸಿ ಬೆಂಗಳೂರಿನ ಜೈಲಿನಲ್ಲಿಟ್ಟರು. ಆಸ್ತಮಾ ರೋಗಿ. ಎಂಟು ತಿಂಗಳಲ್ಲಿ ಹಣ್ಣಾದರು. ಬಿಡುಗಡೆಯಾದ ಕೆಲವೇ ದಿನಗಳಲ್ಲಿ, 1977ರ ಜನವರಿ 20ರಂದು ತೀರಿಕೊಂಡರು. ನಟಿಯೆಂದರೆ ಬಣ್ಣ, ಒಡವೆ ಎಂದುಕೊಂಡವರು ಈ ಒಂದು ಜೀವನವನ್ನು ನೆನೆಯಬೇಕು.

ಈ ಬಗೆಯ ಚಿತ್ರಗಳಲ್ಲಿ ಹೆಣ್ಣಿಗೆ ಹೆಚ್ಚು ಜಾಗವಿತ್ತು. ಸಾಹಿತ್ಯದಿಂದ ಬಂದ ಕತೆಗಳಾದ್ದರಿಂದ ಅದರ ಹೆಂಗಸರು ನಮ್ಮ ಬೀದಿಯ ಹೆಂಗಸರಂತೆಯೇ ಇದ್ದರು. ಒಂದು ಲೆಕ್ಕ ನೋಡಿ. ಕನ್ನಡ ಚಿತ್ರವೊಂದಕ್ಕಾಗಿ ದೇಶದ ಅತ್ಯುತ್ತಮ ನಟಿ ಎಂಬ ರಾಷ್ಟ್ರಪ್ರಶಸ್ತಿ 1973ರಲ್ಲಿ ‘ಕಾಡು’ ಚಿತ್ರದ ನಂದಿನಿ ಭಕ್ತವತ್ಸಲ ಅವರಿಗೆ ಬಂತು. ಆಮೇಲೆ ಮೂವತ್ತು ವರ್ಷ ಬಿಟ್ಟು, 2004ರ ಸಾಲಿನಲ್ಲಿ ‘ಹಸೀನಾ’ಕ್ಕಾಗಿ ತಾರಾ ಅವರಿಗೆ ಬಂತು. ಬಾನು ಮುಷ್ತಾಕ್ ಅವರ ಕತೆಯ ಚಿತ್ರವದು. 2025ರಲ್ಲಿ ಅಂತಾರಾಷ್ಟ್ರೀಯ ಬೂಕರ್ ಪ್ರಶಸ್ತಿ ತಂದ ಅದೇ ಹಾಸನದ ಬಾನು ಮುಷ್ತಾಕ್. ನಂತರ ಉಮಾಶ್ರೀ. ಈ ಮೂರೂ ಇಂಥ ಸಣ್ಣ ಬಂಡವಾಳದ ಚಿತ್ರಗಳೇ. ನಮ್ಮ ಶಿರಾ ತಾಲ್ಲೂಕೂ ಇದರಿಂದ ಹೊರತಲ್ಲ. ಬರಗೂರು ಎಂಬ ಹಳ್ಳಿಯಿಂದ ಬಂದ ಬರಗೂರು ರಾಮಚಂದ್ರಪ್ಪನವರು ‘ಒಂದು ಊರಿನ ಕಥೆ’ಯಿಂದ ಹಿಡಿದು ಅನೇಕ ಚಿತ್ರಗಳನ್ನು ಮಾಡಿದ್ದಾರೆ. ಅವರ ‘ಶಾಂತಿ’ಯಲ್ಲಂತೂ ಭಾವನಾ ಒಬ್ಬರೇ ಇಡೀ ಚಿತ್ರವನ್ನು ಹೊತ್ತಿದ್ದಾರೆ.

2009ರ ಸೆಪ್ಟೆಂಬರಿನಲ್ಲಿ ನಾನು ಕೊರಟಗೆರೆಯಲ್ಲಿದ್ದೆ. ಮೊದಲ ಪೀರಿಯಡ್ ಮುಗಿಸಿ ಬಂದು ಪತ್ರಿಕೆ ಬಿಡಿಸಿದರೆ, 2007ರ ಸಾಲಿನ ರಾಷ್ಟ್ರಪ್ರಶಸ್ತಿಗಳ ಸುದ್ದಿ. ಅತ್ಯುತ್ತಮ ನಟಿ ಉಮಾಶ್ರೀ, ಚಿತ್ರ ‘ಗುಲಾಬಿ ಟಾಕೀಸು’. ಪಕ್ಕದಲ್ಲಿದ್ದ ಸಹೋದ್ಯೋಗಿ, ‘ಯಾವ ಉಮಾಶ್ರೀ? ಆ ಕಾಮಿಡಿ ಉಮಾಶ್ರೀನಾ?’ ಎಂದರು. ನಾನು ಉತ್ತರ ಕೊಡಲಿಲ್ಲ. ನನಗೆ ಹದಿಮೂರು ವರ್ಷ ಹಿಂದಿನ ಪರದೆ, ಅದರ ಹಿಂದೆ ಸಣ್ಣದಾದ ಒಂದು ಮುಖ ಕಂಡಿತ್ತು.

ಆ ದಸರಾ ರಜೆಯಲ್ಲಿ ಬೆಂಗಳೂರಿನ ತಂಗಿಯ ಮನೆಗೆ ಹೋದಾಗ ಅವಳ ಮಗಳು ಡಿಸ್ಕ್ ತಂದು ಹಾಕಿದಳು. ಗಿರೀಶ್ ಕಾಸರವಳ್ಳಿಯವರ ಚಿತ್ರ, ವೈದೇಹಿಯವರ ಕತೆಯಿಂದ ಹುಟ್ಟಿದ್ದು. ಕತೆಯಲ್ಲಿ ಒಂದು ಸಣ್ಣ ಊರಿಗೆ ಟಾಕೀಸು ಬರುತ್ತದೆ, ಅದರ ಜೊತೆ ಹೆಂಗಸರ ಮನಸ್ಸಿನಲ್ಲಿ ಸಣ್ಣಸಣ್ಣ ಅಲೆಗಳು ಏಳುತ್ತವೆ. ಚಿತ್ರದಲ್ಲಿ ಕಾಸರವಳ್ಳಿಯವರು ಕಾಲವನ್ನು ಮುಂದಕ್ಕೆ ತಂದು ಕಾರ್ಗಿಲ್ ಯುದ್ಧದ ದಿನಗಳಲ್ಲಿ ಇಟ್ಟರು. ಊರು ಕುಂದಾಪುರದ ಕಡೆಯ ಮೀನುಗಾರರ ಕುದ್ರು. ಟಾಕೀಸಿನ ಬದಲು ಬಣ್ಣದ ಟಿ.ವಿ.

ಗುಲಾಬಿ ಆ ಊರಿನ ಸೂಲಗಿತ್ತಿ, ಮುಸ್ಲಿಂ ಹೆಂಗಸು. ಗಂಡ ಇನ್ನೊಬ್ಬಳನ್ನು ಕಟ್ಟಿಕೊಂಡು ಬೇರೆ ಇದ್ದಾನೆ. ಮಕ್ಕಳಿಲ್ಲ. ಇರುವ ಒಂದೇ ಸುಖ ಸಿನಿಮಾ. ಹೆರಿಗೆಗೆ ಕರೆ ಬಂದರೂ ಟಾಕೀಸು ಬಿಟ್ಟು ಏಳದಷ್ಟು ಹುಚ್ಚು. ಅನುಕೂಲಸ್ಥರ ಮನೆಯ ಕಷ್ಟದ ಹೆರಿಗೆಯೊಂದನ್ನು ಮಾಡಿಸಿದ್ದಕ್ಕೆ ಅವರು ಅವಳಿಗೆ ಡಿಶ್ ಸಮೇತ ಟಿ.ವಿ. ಕೊಡಿಸುತ್ತಾರೆ. ಅಲ್ಲಿಯವರೆಗೆ ಅವಳ ಹೊಸಿಲು ತುಳಿಯದಿದ್ದ ಹೆಂಗಸರು ಒಬ್ಬೊಬ್ಬರಾಗಿ ಬರುತ್ತಾರೆ. ಕೆಲವರು ಬಾಗಿಲಲ್ಲೇ ನಿಂತು ಇಣುಕುತ್ತಾರೆ, ಆಮೇಲೆ ಒಳಗೆ ಬಂದು ಚಾಪೆಯ ಮೇಲೆ ಕೂರುತ್ತಾರೆ. ನೇತ್ರು ಎಂಬ ಎಳೆಯ ಗೃಹಿಣಿ ಅವಳಿಗೆ ಮಗಳಂತಾಗುತ್ತಾಳೆ. ಆ ಪಾತ್ರ ಮಾಡಿದವರು ಗಾಯಕಿ ಎಂ.ಡಿ. ಪಲ್ಲವಿ.

ಇದನ್ನು ನೋಡುವಾಗ ನನಗೆ 1987ರ ಭಾನುವಾರಗಳು ನೆನಪಾದವು. ಕೊರಟಗೆರೆಯ ನಮ್ಮ ಬೀದಿಯಲ್ಲಿ ಟಿ.ವಿ. ಇದ್ದದ್ದು ಒಂದೇ ಮನೆಯಲ್ಲಿ. ‘ರಾಮಾಯಣ’ ಶುರುವಾಗುವ ಹೊತ್ತಿಗೆ ಬೀದಿಯೆಲ್ಲ ಅಲ್ಲಿರುತ್ತಿತ್ತು. ನಡುಮನೆಯಲ್ಲಿ ನಾವು. ಕಿಟಕಿಯ ಹೊರಗೆ, ಸರಳು ಹಿಡಿದುಕೊಂಡು ಕೂಲಿ ಹೆಂಗಸರು. ಅವರನ್ನು ಒಳಗೆ ಬನ್ನಿ ಎಂದು ಯಾರೂ ಕರೆಯಲಿಲ್ಲ. ಗುಲಾಬಿಯ ಮನೆಯಲ್ಲಿ ಹೊರಗೆ ನಿಂತವರು ಒಳಗೆ ಬಂದರು, ನಮ್ಮ ಬೀದಿಯಲ್ಲಿ ಬರಲಿಲ್ಲ. ಅಷ್ಟು ವರ್ಷ ನನಗೆ ಆ ಕಿಟಕಿ ಕಂಡೇ ಇರಲಿಲ್ಲ.

ಗುಲಾಬಿಯ ಮನೆಯ ಹಿತವೂ ಉಳಿಯುವುದಿಲ್ಲ. ಸಣ್ಣ ದೋಣಿಯವರಿಗೂ ದೊಡ್ಡ ಯಂತ್ರದ ದೋಣಿಯವರಿಗೂ ಮೀನಿನ ಜಗಳ. ಅದು ಹೊಟ್ಟೆಯ ಜಗಳವಾಗಿದ್ದದ್ದು ನೋಡನೋಡುತ್ತ ಧರ್ಮದ ಜಗಳವಾಗುತ್ತದೆ. ನೇತ್ರು ಒಂದು ದಿನ ಕಾಣೆಯಾಗುತ್ತಾಳೆ, ತಪ್ಪೆಲ್ಲ ಗುಲಾಬಿಯ ಮೇಲೆ ಬರುತ್ತದೆ. ಮನೆಗೆ ಬಂದು ಕೂರುತ್ತಿದ್ದವರೇ ದೂರವಾಗುತ್ತಾರೆ. ಊರಿನ ಎಷ್ಟೋ ಕೂಸುಗಳನ್ನು ಮೊದಲು ಮುಟ್ಟಿದ ಕೈಗಳ ಆ ಹೆಂಗಸನ್ನು ಕೊನೆಗೆ ದೋಣಿ ಹತ್ತಿಸಿ ಊರು ಬಿಡಿಸುತ್ತಾರೆ. ಅವಳು ಹೋದ ಮೇಲೆ, ಅದುವರೆಗೆ ಟಿ.ವಿ. ನೋಡದ ಇಬ್ಬರು ಮುದುಕಿಯರು ಆ ಖಾಲಿ ಮನೆಗೆ ಬರುತ್ತಾರೆ. ಅಲ್ಲಿಗೆ ಚಿತ್ರ ಮುಗಿಯುತ್ತದೆ.

ಇಡೀ ಚಿತ್ರದಲ್ಲಿ ಉಮಾಶ್ರೀ ಗಟ್ಟಿಯಾಗಿ ಅಳುವುದು ಕಡಿಮೆ. ಸಿನಿಮಾ ನೋಡುವಾಗ ಅವರ ಕಣ್ಣು ಮಗುವಿನ ಕಣ್ಣಾಗುತ್ತದೆ. ಬೇರೆ ಹೆಂಡತಿಯ ಮಗನನ್ನು ಕಂಡಾಗ ಆಸೆ, ಅಸೂಯೆ ಎರಡೂ ಒಟ್ಟಿಗೇ ಆ ಮುಖದ ಮೇಲೆ ಬಂದುಹೋಗುತ್ತವೆ. ನಾವು ನಕ್ಕ ಅದೇ ದಪ್ಪ ಮೈ, ಅದೇ ಗಂಟಲು, ಅದೇ ಎತ್ತಿ ಕಟ್ಟಿದ ಸೀರೆ. ಯಾವುದೂ ಬದಲಾಗಿರಲಿಲ್ಲ. ಅವರನ್ನು ನೋಡಿದ ಕಣ್ಣು ಬೇರೆಯಾಗಿತ್ತು, ಅಷ್ಟೇ. ಹಾಸ್ಯದಲ್ಲಿ ಪಳಗಿದವರಿಗೆ ಮಾತಿನ ಹೊತ್ತುಗೊತ್ತು ಗೊತ್ತಿರುತ್ತದೆ, ಎಲ್ಲಿ ನಿಲ್ಲಿಸಬೇಕೆಂದು ಗೊತ್ತಿರುತ್ತದೆ. ಗುಲಾಬಿಯ ಮೌನವನ್ನು ಹಿಡಿಯಲು ಆ ಇಪ್ಪತ್ತೈದು ವರ್ಷದ ದುಡಿಮೆಯೇ ಅವರ ಕೈಹಿಡಿದಿರಬೇಕು ಎಂದು ನನಗೆ ಅನಿಸಿತು. ಮುಗಿದ ಮೇಲೆ ತಂಗಿಯ ಮಗಳು, ‘ಯಾಕೆ ದೊಡ್ಡಮ್ಮ ಸುಮ್ಮನಾದ್ರಿ?’ ಅಂದಳು. ‘ಏನಿಲ್ಲ, ಕಾಫಿ ಮಾಡು’ ಎಂದೆ.

2008ರಲ್ಲೇ ದೆಹಲಿಯ ಓಸಿಯಾನ್ ಚಿತ್ರೋತ್ಸವದಲ್ಲಿ ಈ ಚಿತ್ರಕ್ಕೂ ಉಮಾಶ್ರೀಯವರಿಗೂ ಪ್ರಶಸ್ತಿ ಬಂದಿತ್ತು. ನಮ್ಮ ಊರಿನ ಟಾಕೀಸಿನಲ್ಲಿ ಮಾತ್ರ ಅದನ್ನು ನೋಡಿದ ನೆನಪು ಯಾರಿಗೂ ಇಲ್ಲ. ಇಂಥ ಸಿನಿಮಾದ ಹಣೆಬರಹವೇ ಇದು. ಯಾರ ಬದುಕಿನ ಬಗ್ಗೆ ಮಾಡಿದ್ದೋ ಅವರನ್ನು ಬಿಟ್ಟು ಮಿಕ್ಕೆಲ್ಲರೂ ನೋಡುತ್ತಾರೆ.

ಆಮೇಲೆ 2010ರಲ್ಲಿ ಕಾಸರವಳ್ಳಿಯವರ ‘ಕನಸೆಂಬ ಕುದುರೆಯನೇರಿ’ ಬಂತು. ಅಮರೇಶ ನುಗಡೋಣಿಯವರ ಕತೆ. ಉತ್ತರ ಕರ್ನಾಟಕದ ಹಳ್ಳಿಯಲ್ಲಿ ಹೆಣ ಹೂಳಲು ಗುಂಡಿ ತೋಡುವವನ ಹೆಂಡತಿ ರುದ್ರಿಯಾಗಿ ಉಮಾಶ್ರೀ, ಗಂಡನಾಗಿ ವೈಜನಾಥ ಬಿರಾದಾರ್. ಅವರೂ ಹಾಸ್ಯದ ಸಣ್ಣಪುಟ್ಟ ಪಾತ್ರಗಳಲ್ಲಿ ನಾವು ನೋಡಿ ನಕ್ಕಿದ್ದ ನಟರೇ. ಆ ಪಾತ್ರಕ್ಕಾಗಿ ಬಿರಾದಾರರಿಗೆ ಸ್ಪೇನಿನ ಚಿತ್ರೋತ್ಸವದಲ್ಲಿ ಪ್ರಶಸ್ತಿ ಬಂತು. ನಗಿಸುವವರನ್ನು ನಾವು ಎಷ್ಟು ಅಗ್ಗವಾಗಿ ಕೊಂಡುಕೊಂಡಿದ್ದೆವು ನೋಡಿ.

ರಾಜಕೀಯದ ಮಾತು ನನಗೆ ಬೇಡ. ಚರಿತ್ರೆಯ ಮಟ್ಟಿಗೆ ಹೇಳುವುದಾದರೆ, ಉಮಾಶ್ರೀ 2001ರಲ್ಲಿ ವಿಧಾನ ಪರಿಷತ್ತಿನ ಸದಸ್ಯರಾದರು. ನೇಕಾರರು ಹೆಚ್ಚಿರುವ ಬಾಗಲಕೋಟೆ ಜಿಲ್ಲೆಯ ತೇರದಾಳದಲ್ಲಿ 2008ರಲ್ಲಿ ಸೋತು, 2013ರಲ್ಲಿ ಗೆದ್ದರು. ಮಹಿಳಾ ಮತ್ತು ಮಕ್ಕಳ ಅಭಿವೃದ್ಧಿ ಖಾತೆಯ ಜೊತೆಗೆ ಕನ್ನಡ ಮತ್ತು ಸಂಸ್ಕೃತಿ ಖಾತೆಯ ಸಚಿವರಾದರು. 2018ರಲ್ಲಿ ಸೋತರು, 2023ರಲ್ಲಿ ಮತ್ತೆ ಪರಿಷತ್ತಿಗೆ ನಾಮಕರಣಗೊಂಡರು. ಇದರ ನಡುವೆ ಬಣ್ಣವನ್ನೂ ಬಿಡಲಿಲ್ಲ. ಅರವತ್ತೈದರ ಆಸುಪಾಸಿನಲ್ಲಿ ‘ಶರ್ಮಿಷ್ಠೆ’ ಎಂಬ ಏಕವ್ಯಕ್ತಿ ನಾಟಕವನ್ನು ಒಬ್ಬರೇ ರಂಗದ ಮೇಲೆ ನಿಂತು ನಡೆಸಿಕೊಟ್ಟರು.

2021ರ ಡಿಸೆಂಬರಿನಲ್ಲಿ ‘ಪುಟ್ಟಕ್ಕನ ಮಕ್ಕಳು’ ಧಾರಾವಾಹಿ ಶುರುವಾಯಿತು. ಗಂಡ ಇನ್ನೊಬ್ಬಳನ್ನು ಕಟ್ಟಿಕೊಂಡ ಮೇಲೆ ಮೆಸ್ ನಡೆಸಿ ಮೂವರು ಹೆಣ್ಣುಮಕ್ಕಳನ್ನು ಸಾಕುವ ಪುಟ್ಟಕ್ಕ ಆದರು ಉಮಾಶ್ರೀ. ನಮ್ಮ ಬೀದಿಯಲ್ಲಿ ಸಂಜೆ ಅಡುಗೆ ಬೇಗ ಮುಗಿಯತೊಡಗಿತು. ಗುಲಾಬಿಯನ್ನು ನೋಡದ ಹೆಂಗಸರೆಲ್ಲ ಪುಟ್ಟಕ್ಕನನ್ನು ನೋಡಿದರು. ಈ ಸಲ ಯಾರೂ ಥೂ ಅನ್ನಲಿಲ್ಲ. ಗುಲಾಬಿಯ ಮನೆಯ ಟಿ.ವಿ. ಈಗ ನಮ್ಮೆಲ್ಲರ ಮನೆಯಲ್ಲಿದೆ, ಅದರೊಳಗೆ ಅವಳೇ ಬಂದು ಕೂತಂತಾಯಿತು.

ಆ ಧಾರಾವಾಹಿಯ ಕಾಲದಲ್ಲೇ ಒಂದು ಶುಕ್ರವಾರ ಗೊರವನಹಳ್ಳಿಯ ಮಹಾಲಕ್ಷ್ಮಿ ದರ್ಶನಕ್ಕೆ ಹೋಗಿದ್ದೆ. ಸಾಲಿನಲ್ಲಿ ನಿಂತಿದ್ದಾಗ ಹಿಂದಿನಿಂದ ಗಟ್ಟಿ ಗಂಟಲೊಂದು, ‘ಮೇಡಂ, ಗುರ್ತು ಸಿಕ್ತಾ?’ ಅಂದಿತು. ಮುಖಕ್ಕಿಂತ ಮೊದಲು ಗುರುತು ಸಿಕ್ಕಿದ್ದು ಆ ಗಂಟಲು. ಎಸ್ಸೆಸ್ಸೆಲ್ಸಿ ಆದ ವರ್ಷವೇ ಮದುವೆಯಾಯಿತಂತೆ. ಈಗ ಗಂಡನ ಊರಿನ ಶಾಲೆಯಲ್ಲಿ ಬಿಸಿಯೂಟದ ಅಡುಗೆ. ಮಗಳು ನರ್ಸಿಂಗ್ ಓದುತ್ತಿದ್ದಾಳೆ. ಮಾತಿನ ನಡುವೆ ತಾನೇ, ‘ಪುಟ್ಟಕ್ಕ ನೋಡ್ತೀರಾ ಮೇಡಂ?’ ಎಂದು ಕೇಳಿದಳು.

ಇಷ್ಟು ವರ್ಷ ಬಾಯಲ್ಲಿಟ್ಟುಕೊಂಡಿದ್ದನ್ನು ಅಲ್ಲೇ, ಆ ನೂಕುನುಗ್ಗಲಿನಲ್ಲೇ ಹೇಳಿದೆ. ‘ಆವತ್ತು ವಾರ್ಷಿಕೋತ್ಸವದಲ್ಲಿ ನಿನಗೆ ಬೈದೆ. ನಿಮ್ಮಮ್ಮನ್ನ ಕೂಲಿ ಬಿಡಿಸಿ ಕರೆಸಿದೆ. ತಪ್ಪು ಮಾಡಿದೆ ಕಣವ್ವ.’

ಅವಳು ಸ್ವಲ್ಪ ಹೊತ್ತು ನನ್ನ ಮುಖ ನೋಡಿದಳು. ‘ನೀವು ಬೈದಿದ್ದು ಮರ್ತೋಗಿತ್ತು ಮೇಡಂ. ನಮ್ಮವ್ವ ಆ ರಾತ್ರಿ ಮಾತಾಡದೆ ಮಲಗಿದ್ದು ಜ್ಞಾಪಕ ಇದೆ. ಊರೋರೆಲ್ಲ ನಕ್ಕಿದ್ದೂ ಜ್ಞಾಪಕ ಇದೆ. ಅಷ್ಟು ಜನ ಒಟ್ಟಿಗೆ ನಕ್ಕಿದ್ನ ನಾನು ಆಮೇಲೆ ನೋಡೇ ಇಲ್ಲ’ ಎಂದಳು. ಕೋಪವಿರಲಿಲ್ಲ. ಪರವಾಗಿಲ್ಲ ಎಂದ ಹಾಗೂ ಇರಲಿಲ್ಲ.

ಸಾಲು ಮುಂದೆ ಸರಿಯಿತು. ಯಾರೋ ನಡುವೆ ನುಗ್ಗಿ ಅವಳ ಜಾಗ ಹಿಡಿದರು. ಅವಳು ಸೆರಗು ಸೊಂಟಕ್ಕೆ ಸಿಕ್ಕಿಸಿ, ಕತ್ತು ಕೊಂಕಿಸಿ, ಆ ಹಳೆಯ ಮುದುಕಿಯ ದನಿಯಲ್ಲಿ ಒಂದು ಮಾತು ಬಿಟ್ಟಳು. ಸಾಲಿನ ಹೆಂಗಸರೆಲ್ಲ ನಕ್ಕರು. ನುಗ್ಗಿದವರೂ ನಕ್ಕು ಹಿಂದೆ ಸರಿದರು. ನಾನೂ ನಕ್ಕೆ. ನಗುತ್ತಲೇ ಸೆರಗಿನಿಂದ ಕಣ್ಣೊರೆಸಿಕೊಂಡೆ.